ವ್ಯಾಸಪೀಠದ ಅಣಬೆ

ತಿರುಮಲೇಶ ಹಾಡುತ್ತಿದ್ದ, ವಿಮಲಾ ಅರ್ಥ ಹೇಳುತ್ತಿದ್ದಳು. ಗಮಕವೆಂದರೆ ಹಾಗೆಯೇ, ಒಬ್ಬರು ಹಳೆಯ ಕಾವ್ಯವನ್ನು ರಾಗವಾಗಿ ಓದುತ್ತಾರೆ, ಪಕ್ಕದಲ್ಲಿ ಕೂತವರು ವ್ಯಾಖ್ಯಾನ ಮಾಡುತ್ತಾರೆ. ಮೊದಲೆಲ್ಲ ವ್ಯಾಖ್ಯಾನಕ್ಕೆ ಅವನ ಗೆಳೆಯ ವಿಷ್ಣು ಕೂರುತ್ತಿದ್ದ. ವಿಷ್ಣು ಮೈಸೂರಿಗೆ ಮನೆ ಬದಲಾಯಿಸಿದ ಮೇಲೆ, ಬೇರೆ ಯಾರಾದರೂ ಸಿಗುವ ತನಕ ಇರಲಿ ಎಂದು ತಿರುಮಲೇಶನೇ ಹೆಂಡತಿಯನ್ನು ವೇದಿಕೆಗೆ ಕರೆದುಕೊಂಡು ಹೋಗಿದ್ದ. ಬೇರೆಯವರನ್ನು ಹುಡುಕುವ ಮಾತು ಆಮೇಲೆ ಬರಲೇ ಇಲ್ಲ.

ವಿಮಲಾ ಬಾಯಿ ತೆರೆದರೆ ಜನ ತಮ್ಮ ಮನೆಯದೇ ಕಥೆ ಎಂಬಂತೆ ಕೇಳುತ್ತಿದ್ದರು. ನಗುತ್ತಿದ್ದರು, ಸೆರಗಿನಲ್ಲಿ ಕಣ್ಣೊರೆಸಿಕೊಳ್ಳುತ್ತಿದ್ದರು. ಅವನು ಮುಂದಿನ ಪದ್ಯಕ್ಕೆ ದನಿ ಎತ್ತಿದರೆ ಮೊಬೈಲ್ ತೆಗೆಯುತ್ತಿದ್ದರು. ಮುಗಿದ ಮೇಲೆ ಅವಳ ಸುತ್ತ ಗುಂಪು. ಅವನು ಪುಸ್ತಕ ಮಡಚಿಟ್ಟುಕೊಂಡು ಬಾಗಿಲ ಹತ್ತಿರ ಕಾಯಬೇಕು.

"ಮೇಡಂ ಯಜಮಾನ್ರಲ್ವಾ ಸಾರ್ ನೀವು? ನೀವೂ ಚೆನ್ನಾಗಿ ಹಾಡ್ತೀರ" ಎಂದು ಜಯನಗರದಲ್ಲಿ ಒಬ್ಬರು ಹೇಳಿದ್ದರು. ಆ 'ನೀವೂ' ಅವನಿಗೆ ಎಷ್ಟೋ ದಿನ ಊಟ ಸೇರದ ಹಾಗೆ ಮಾಡಿತ್ತು.

ಆ ಉರಿಯನ್ನು ಅವನು ಮನೆಯಲ್ಲಿ ತೀರಿಸಿಕೊಳ್ಳುತ್ತಿದ್ದ. ಚಪ್ಪಲಿ ಬಿಡುವಾಗಲೇ ಶುರು. "ಆ ಪದಕ್ಕೆ ನೀನು ಹೇಳಿದ ಅರ್ಥ ತಪ್ಪು." "ಒಂದೇ ಪದ್ಯನ ಎಷ್ಟೊತ್ತು ಎಳೀತೀಯ?" ವಿಮಲಾ ಕುಕ್ಕರ್ ಇಡುತ್ತಿದ್ದಳು.

ಮಳೆಗಾಲದಲ್ಲಿ ಪುಸ್ತಕವಿಡುವ ಮರದ ವ್ಯಾಸಪೀಠದ ಸಂದಿಯಲ್ಲಿ ಅಣಬೆಯೊಂದು ಕಾಣಿಸಿಕೊಂಡಿತು. ಬೂದುಬಣ್ಣ, ಉಗುರಿನಷ್ಟು ಅಗಲ, ಮುಟ್ಟಿದರೆ ಕಿವಿಯ ಹಾಲೆಯಂತೆ ಮೆತ್ತಗೆ. ತಿರುಮಲೇಶ ಒರೆಸಿ ಹಾಕಿದ. ಅದು ಮತ್ತೆ ಬಂತು.

ಅದೇ ವಾರ ಬನಶಂಕರಿಯ ಸಂಘದ ನಂದಕುಮಾರ್ ಮನೆಗೆ ಬಂದು ಆಹ್ವಾನಪತ್ರಿಕೆ ಕೊಟ್ಟು ಹೋದರು. ನಡುವೆ ವಿಮಲಾಳ ದೊಡ್ಡ ಫೋಟೋ. ಅವನ ಹೆಸರು ಕೆಳಗಿತ್ತು, ಶಾಮಿಯಾನದವರ ಹೆಸರಿನ ಪಕ್ಕ. ಪತ್ರಿಕೆಯನ್ನು ಮಗುಚಿಟ್ಟು ಅಭ್ಯಾಸಕ್ಕೆ ಕೂತ. ಹೊಟ್ಟೆಯೊಳಗೆ ಕೆಂಡವಿಟ್ಟಂತಿತ್ತು, ದನಿ ಹೊರಡಲಿಲ್ಲ. ಆಗ ಅವನ ಕಣ್ಣೆದುರೇ ಅಣಬೆ ನಿಧಾನವಾಗಿ ಬಿಚ್ಚಿಕೊಳ್ಳತೊಡಗಿತು. ಬೆರಳಿಟ್ಟ, ಬೆಚ್ಚಗಿತ್ತು. ಅದು ಅಂಗೈಯಗಲ ಆಗುವಷ್ಟರಲ್ಲಿ ಅವನ ಉರಿ ಪೂರ್ತಿ ಆರಿತ್ತು. ಪತ್ರಿಕೆಯನ್ನು ತಿರುಗಿಸಿ ನೋಡಿದ. ಯಾರೋ ಪರಿಚಯವಿಲ್ಲದ ಹೆಂಗಸಿನ ಫೋಟೋ ನೋಡಿದಂತಾಯಿತು, ಅಷ್ಟೆ.

ಆಮೇಲೆ ಅವನು ಅದನ್ನು ಒರೆಸಲಿಲ್ಲ. ವೇದಿಕೆಯ ಮೇಲೆ ವ್ಯಾಸಪೀಠ ಅವನ ಮುಂದೆಯೇ ಇರುತ್ತಿತ್ತು. ಜನ ಅವಳ ಮಾತಿಗೆ ಚಪ್ಪಾಳೆ ತಟ್ಟಿದಾಗಲೆಲ್ಲ ಒಳಗೆ ಕಿಡಿ ಹತ್ತುತ್ತಿತ್ತು, ಹತ್ತಿದ ಕೂಡಲೇ ಆರುತ್ತಿತ್ತು. ಸುಖವಾಗಿತ್ತು. ಮನೆಗೆ ಬಂದು, "ಚೆನ್ನಾಗಿತ್ತು" ಎಂದು ಹೇಳಿ ಊಟಕ್ಕೆ ಕೂರುತ್ತಿದ್ದ.

ಮೊದಮೊದಲು ವಿಮಲಾಗೆ ಹಾಯೆನಿಸಿತು. ಆಮೇಲೆ ಕಸಿವಿಸಿ ಶುರುವಾಯಿತು. ಗಿರಿನಗರದ ಕಾರ್ಯಕ್ರಮದ ಮರುದಿನ ಬೆಳಿಗ್ಗೆ ಕಾಫಿ ಲೋಟ ಮುಂದಿಟ್ಟು ಕೇಳಿದಳು.

"ರೀ, ನಿನ್ನೆ ನಾನು ಹೇಳಿದ್ದು ಹೇಗಿತ್ತು?"

"ಚೆನ್ನಾಗಿತ್ತು."

"ಅತ್ತೆ ಆಡೋ ಮಾತನ್ನ ಸೊಸೆ ಬಾಯಿಗೆ ಹಾಕಿದ್ದೆ. ಬೇಕಂತ್ಲೇ ಹಾಕಿದ್ದು. ಯಾರಿಗೂ ಗೊತ್ತಾಗ್ಲಿಲ್ಲ. ನಿಮಗೂ ಗೊತ್ತಾಗ್ಲಿಲ್ವಾ?"

ತಿರುಮಲೇಶ ನೆನಪಿಸಿಕೊಳ್ಳಲು ನೋಡಿದ. ಅವಳ ಒಂದು ಮಾತೂ ನೆನಪಿರಲಿಲ್ಲ. ತಾನು ಯಾವ ರಾಗದಲ್ಲಿ ಹಾಡಿದೆನೆಂಬುದೂ ಮಸುಕಾಗಿತ್ತು. ಅವನಿಗೆ ಭಯವಾಯಿತು. ಎದ್ದು ಹೋಗಿ ವ್ಯಾಸಪೀಠ ತಂದು ಅವಳ ಮುಂದೆ ಬಿಚ್ಚಿದ. ಸಂದಿಯ ತುಂಬ ಪದರ ಪದರವಾಗಿ ಅಣಬೆ ಬೆಳೆದಿತ್ತು. ಇದ್ದದ್ದನ್ನು ಇದ್ದಹಾಗೆ ಹೇಳಿದ. ಹೊಟ್ಟೆಕಿಚ್ಚು ಎಂಬ ಮಾತನ್ನು ಹೇಳುವಾಗ ಮಾತ್ರ ಅವಳ ಮುಖ ನೋಡಲಿಲ್ಲ.

ವಿಮಲಾ ನಗಲಿಲ್ಲ. "ನಿಮಗೆ ಹೊಟ್ಟೆಕಿಚ್ಚು ಅನ್ನೋದು ನಂಗೆ ಮೊದಲನೇ ದಿನದಿಂದ ಗೊತ್ತು" ಎಂದಳು. "ಜನ ಕಥೆ ಕೇಳ್ತಾರೆ, ನಗ್ತಾರೆ, ಹೋಗ್ತಾರೆ. ನನ್ನ ಒಂದೊಂದು ಮಾತನ್ನೂ ಹಿಡ್ಕೊಂಡು ಕೂರ್ತಿದ್ದೋರು ನೀವೊಬ್ರೇ. ನೀವು ತಪ್ಪು ಅಂದಿದ್ದನ್ನೆಲ್ಲ ಮಾರನೇ ದಿನ ಕೂತು ತಿದ್ಕೊತಿದ್ದೆ. ಅದನ್ನ ತಗೊಂಡು ಇದಕ್ಕೆ ಹಾಕಿಬಿಟ್ರಾ?"

ಆ ಅಣಬೆಯನ್ನು ಅವಳು ಸವತಿಯನ್ನು ನೋಡುವಂತೆ ನೋಡುತ್ತಿದ್ದಳು. ತಿರುಮಲೇಶ ನೋಡುತ್ತಿದ್ದಂತೆ ಅದರ ಅಂಚು ಅವಳ ಕಡೆಗೆ ಅಲುಗಿತು.

ಅವನು ತಡಮಾಡಲಿಲ್ಲ. ಅಡುಗೆಮನೆಯ ಚಾಕು ತಂದು ಪದರಗಳನ್ನು ಬುಡಸಮೇತ ಕೆರೆದ. ಮರದ ಸಂದಿಗೆ ಸುಣ್ಣ ಬಳಿದು ವ್ಯಾಸಪೀಠವನ್ನು ತಾರಸಿಯ ಬಿಸಿಲಿಗಿಟ್ಟ. ಕೆರೆದದ್ದನ್ನು ಹಳೆಯ ಬಾಣಲೆಯಲ್ಲಿ ಸೀಮೆಎಣ್ಣೆ ಹಾಕಿ ಸುಟ್ಟ. ಕೂದಲು ಸುಟ್ಟ ವಾಸನೆ ಬಂತು.

ಹೋದದ್ದು ತಕ್ಷಣ ವಾಪಸು ಬರಲಿಲ್ಲ. ಎಷ್ಟೋ ದಿನ ಅವನು ಖಾಲಿ ಮನೆಯಂತಿದ್ದ. ಜೆಪಿ ನಗರದಲ್ಲಿ ಹಾಡಿದಾಗ ಶ್ರುತಿ ಸರಿಯಿತ್ತು, ಬೇರೇನೂ ಇರಲಿಲ್ಲ.

ಅದು ಬಂದದ್ದು ಇಟ್ಟಮಡುವಿನ ದೇವಸ್ಥಾನದಲ್ಲಿ. ಯುದ್ಧಕ್ಕೆ ಹೊರಟ ಮಗನನ್ನು ತಾಯಿ ಕಳಿಸಿಕೊಡುವ ಸಂದರ್ಭ. ವಿಮಲಾ ಆ ತಾಯಿ ಮಗನಿಗೆ ಮೊಸರನ್ನ ತಿನ್ನಿಸಿದ್ದನ್ನು ಹೇಳುತ್ತಿದ್ದಳು. ಕಾವ್ಯದಲ್ಲಿ ಮೊಸರನ್ನವೇ ಇಲ್ಲ. ಇಡೀ ಸಭೆ ಉಸಿರು ಬಿಗಿಹಿಡಿದು ಕೂತಿತ್ತು, ಮುಂದಿನ ಸಾಲಿನ ಮುದುಕರೊಬ್ಬರು ಅಳುತ್ತಿದ್ದರು. ಇಷ್ಟು ವರ್ಷ ಅದೇ ಪದ್ಯ ಹಾಡಿದ್ದಾನೆ, ಒಬ್ಬರೂ ಅತ್ತಿರಲಿಲ್ಲ. ತಿರುಮಲೇಶನ ಪಕ್ಕೆಲುಬಿನ ಕೆಳಗೆ ಚುರ್ರೆಂದಿತು. ತಡೆಯಲಾಗದಂಥ ಉರಿ. ಕಣ್ಣಲ್ಲಿ ನೀರು ಬಂತು. ಅವಳು ನಿಲ್ಲಿಸಿದ ಕೂಡಲೇ ಮುಂದಿನ ಪದ್ಯವನ್ನು, ಅವಳಿಂದ ಸಭೆಯನ್ನು ಕಿತ್ತುಕೊಳ್ಳುವವನ ಹಾಗೆ, ಹಿಂದೆಂದೂ ಮುಟ್ಟದ ಸ್ವರಕ್ಕೆ ಎತ್ತಿ ಹಾಡಿದ. ವಿಮಲಾ ತಿರುಗಿ ನೋಡಿದಳು.

ಮುಗಿದ ಮೇಲೆ ಜನ ಅವಳನ್ನೇ ಮುತ್ತಿಕೊಂಡರು. ಅವನು ಎಂದಿನಂತೆ ಬಾಗಿಲಲ್ಲಿ ನಿಂತು ಕುದಿಯುತ್ತ ಕಾದ.

ಆಟೋ ಹತ್ತಿ ಕೂತದ್ದೇ ಹೇಳಿದ: "ಮೊಸರನ್ನ ಎಲ್ಲಿಂದ ಬಂತು? ಕವಿ ಎಲ್ಲಿ ಬರ್ದಿದ್ದಾನೆ ತೋರ್ಸು."

"ಬರ್ದಿಲ್ಲ" ಎಂದಳು ವಿಮಲಾ.

"ಮತ್ತೆ? ಬಾಯಿಗೆ ಬಂದಿದ್ದು ಹೇಳಿ ಜನರನ್ನ ಅಳಿಸೋದಾ?"

"ಇನ್ನೇನು ತಪ್ಪಿತ್ತು?" ಎಂದು ಕೇಳಿ ಅವಳು ಅವನ ಕಡೆ ಸರಿದು ಕೂತಳು.

ಅವನಿಗೆ ಹೇಳುವುದು ಬಹಳವಿತ್ತು.