ಮಹಮೂದಾ ಖಾಲಾ ಹಾಕಿದ ಗಂಜಿ

"ಅಮ್ಮೀ, ಖಾಲೂಗೆ ಹುಷಾರಿಲ್ಲ ಅಂದ್ಮೇಲೆ ಖಾಲಾ ಯಾಕೆ ಅವ್ರ ಜುಬ್ಬಾನ ಹಪ್ಪಳದ ಥರ ಮಾಡ್ತಾರೆ?"

ನನ್ನ ಮಗಳು ಮೀನಲ್ ಹೀಗೆ ಕೇಳಿದಾಗ ನಗು ಬಂತು. ಹೆಚ್ಚುಕಡಿಮೆ ಇದನ್ನೇ ಹೈಕೋರ್ಟೂ ಕೇಳಿತ್ತು.

ಲಾಹೋರಿನ ನಮ್ಮ ಗಲ್ಲಿಯಲ್ಲಿ ನಾವೆಲ್ಲ ಖಾಲಾ, ಅಂದರೆ ಚಿಕ್ಕಮ್ಮ, ಎಂದು ಕರೆಯುವ ಪಕ್ಕದ ಮನೆಯ ಮಹಮೂದಾರಷ್ಟು ನೆಟ್ಟಗೆ ನಡೆಯುವವರು ಇನ್ನೊಬ್ಬರಿಲ್ಲ. ಅಂಗೈಯಲ್ಲಿ ಸದಾ ಅಕ್ಕಿಗಂಜಿಯ ವಾಸನೆ, ಎರಡು ಮಾತಿಗೊಮ್ಮೆ "ಮರ್ಯಾದೆ ಬೇಡ್ವೇನೇ?" ಎಂಬ ಗದರಿಕೆ. ಗೋದಿ ಗೋದಾಮಿನ ಮೊಕದ್ದಮೆಯಲ್ಲಿ ಅವರ ಪತಿ, ಮಗಳ ಬಾಯಲ್ಲಿ ಖಾಲೂ ಆದ ಗಿಯಾಸುದ್ದೀನ್ ಸಾಹೇಬರಿಗೆ ಶಿಕ್ಷೆಯಾಗಿ, ಜೈಲಿನಲ್ಲಿ ಹೃದಯ ಸೋತು ಪಾದಗಳು ಬಾತುಕೊಂಡಾಗ, ಮೇಲ್ಮನವಿ ತೀರ್ಮಾನವಾಗುವವರೆಗೆ ಅನಾರೋಗ್ಯದ ಕಾರಣಕ್ಕೆ ಜಾಮೀನು ಕೊಡಿರೆಂದು ವಕೀಲ ತುಫೈಲ್ ಅರ್ಜಿ ಹಾಕಿದರು. ಹೈಕೋರ್ಟು ವೈದ್ಯರ ಮಂಡಳಿಯನ್ನು ನೇಮಿಸಿತು. ದೊಡ್ಡ ಡಾಕ್ಟರುಗಳು ನೋಡುತ್ತಾರೆಂದು ಖಾಲಾ ಹಾಲಿನಂಥ ಬಿಳಿ ಜುಬ್ಬಕ್ಕೆ ಗಂಜಿ ಹಾಕಿ, ಇಸ್ತ್ರಿ ತೀಡಿ, ಗಡ್ಡಕ್ಕೆ ಮದರಂಗಿಯನ್ನೂ ಜೊತೆಗಿಟ್ಟು ಜೈಲಿಗೆ ಕಳಿಸಿದರು. ಸಾಹೇಬರೋ, ಬಾತ ಪಾದಗಳನ್ನು ಬೂಟಿಗೆ ತುರುಕಿ, ಒಬ್ಬೊಬ್ಬ ಡಾಕ್ಟರಿಗೂ ಎದ್ದು ನಿಂತು ಸಲಾಂ ಮಾಡಿದರು. "ಇಷ್ಟು ಅಚ್ಚುಕಟ್ಟಾಗಿ ಎದ್ದು ನಿಂತವರಿಗೆ ಏನು ಕಾಯಿಲೆ?" ಎಂದು ವರದಿ ಓದಿದ ನ್ಯಾಯಾಧೀಶರು ಕೇಳಿದರು. ಅರ್ಜಿ ವಜಾ.

"ಖಾಲಾ, ಗಂಡನ್ನ ಮದುಮಗನ ಹಾಗೆ ಸಿಂಗರಿಸಿ ನನ್ನ ಕೇಸನ್ನೇ ಕೊಂದ್ರಲ್ಲ!" ಎಂದರು ತುಫೈಲ್.

"ಕರಿ ಕೋಟಿಗೆ ಒಂದು ಗುಂಡಿ ಹೊಲಿಸ್ಕೊಳ್ಳೋಕಾಗಲ್ಲ, ನೀನು ನಂಗೆ ಹೇಳ್ತೀಯಾ?"

ಬೈದರೇನು, ತುಫೈಲ್ ಮೇಲೆ ಹೋಗಿ ಸುಪ್ರೀಂ ಕೋರ್ಟು ಎರಡನೆಯ ಮಂಡಳಿಯನ್ನು ನೇಮಿಸಿದಾಗ, ಜೈಲಿಗೆ ತಲುಪಿಸೆಂದು ಮುದುಡಿದ ಬಟ್ಟೆಗಳ ಗಂಟನ್ನು ಖಾಲಾ ನನ್ನ ಕೈಗಿಟ್ಟು ಮುಖ ತಿರುಗಿಸಿಕೊಂಡರು. ಅಂದು ಸಾಹೇಬರು ಚಪ್ಪಲಿಯಲ್ಲಿದ್ದರು. ಡಾಕ್ಟರು ಪಾದವನ್ನು ಒತ್ತಿ ನೋಡಿದರೆ ಬೆರಳಿನ ಗುಳಿ ಹಾಗೆಯೇ ಉಳಿಯಿತು. ಎಂಟು ವಾರಗಳ ಜಾಮೀನು ಸಿಕ್ಕಿತು.

ಈಗ ಅಂಗಳದ ಹಗ್ಗದ ಮಂಚದಲ್ಲಿ ಒರಗಿ ಸಾಹೇಬರು ಗೊಣಗುತ್ತಾರೆ: "ಉಪ್ಪಿಲ್ಲದ ಕಿಚಡಿ! ಜೈಲಿನ ಊಟಾನೇ ವಾಸಿ."

"ಹಾಗಾದ್ರೆ ವಾಪಸ್ ಹೋಗಿ. ಜುಬ್ಬಾ ಗಂಜಿ ಹಾಕಿ ಇಟ್ಟಿದ್ದೀನಿ!"

ಗೋಡೆಯಾಚೆ ಈ ಜಗಳ ಕೇಳುತ್ತ ಮಗುವಿಗೆ ತುತ್ತಿಡುವುದೇ ನನಗೊಂದು ನೆಮ್ಮದಿ. ಕೆಲವರ ಪ್ರೀತಿಗೆ ಅಳುವುದು ಗೊತ್ತಿಲ್ಲ, ಸುಕ್ಕು ತೀಡುವುದಷ್ಟೇ ಗೊತ್ತು. ನೋವನ್ನು ತೋರಿಸಿದರೆ ಮಾತ್ರ ತೆರೆಯುವ ಬಾಗಿಲ ಮುಂದೆಯೂ ಅಂಥವರು ತಮ್ಮವರನ್ನು ನೀಟಾಗಿಯೇ ನಿಲ್ಲಿಸುತ್ತಾರೆ.

ಜಾಮೀನು ಮುಂದುವರಿಯಬೇಕಾದರೆ ಸೋಮವಾರ ಮತ್ತೆ ಮಂಡಳಿಯ ಮುಂದೆ ಹೋಗಬೇಕು. ನಿನ್ನೆ ಸಂಜೆ ಖಾಲಾ ದುಪಟ್ಟಾದಲ್ಲಿ ಏನನ್ನೋ ಸುತ್ತಿಕೊಂಡು ಬಂದು ನನ್ನ ಮಡಿಲಲ್ಲಿಟ್ಟರು. ಇಸ್ತ್ರಿಪೆಟ್ಟಿಗೆ, ಇನ್ನೂ ಬಿಸಿಯಿತ್ತು.

"ಸೋಮವಾರ ಕಳಿಯೋವರ್ಗೂ ಎಲ್ಲಾದ್ರೂ ಬಚ್ಚಿಡು ಮಗಳೇ. ನಾನೇ ಬಂದು ಬೈದು ಕೇಳಿದ್ರೂ ಕೊಡ್ಬೇಡ."