ಅರ್ಧ ಕೊಯ್ತಾ

“ರೊಟ್ಟಿ ಬಡಿಯಾಕಿಗೆ ಎಂಥಾ ಪಗಾರಲೇ ಮಲ್ಯಾ? ಹಂಗಂದ್ರ ನಮ್ಮವ್ವಗೂ ಕೋರ್ಟಿನ್ಯಾಗ ರೊಕ್ಕ ಕೊಡಸಬೇಕಾಗ್ತೈತಿ!”

ಬಸಂತರಾಯ ನಕ್ಕ. ಪಡಸಾಲೆಯಲ್ಲಿ ಚಹಾ ಕುಡಿಯುತ್ತಿದ್ದವರೂ ನಕ್ಕರು. ಅಂಗಳದಲ್ಲಿ, ಅವರು ಬಿಟ್ಟಿದ್ದ ಚಪ್ಪಲಿಗಳ ಪಕ್ಕ ನಿಂತಿದ್ದ ಮಲ್ಲಣ್ಣನೂ ಹಲ್ಲು ಕಿರಿದ. ಅವನ ಹೆಂಡತಿ ಸುಂದರವ್ವ ಮಾತ್ರ ನಗಲಿಲ್ಲ. ಮೊಣಕೈತನಕ ಉಳಿದಿದ್ದ ಬಲಗೈಯ ಕಂಕುಳಲ್ಲಿ ವಕೀಲರು ಕೊಟ್ಟ ಕಾಗದ ಅವುಚಿಕೊಂಡು ನಿಂತಿದ್ದಳು.

ಹೋದ ಹಂಗಾಮಿನಲ್ಲಿ ಇದೇ ಬಸಂತರಾಯ ಕಟ್ಟಿದ ಕೂಲಿಗಳ ಗ್ಯಾಂಗಿನ ಜತೆ ಕಬ್ಬು ಕಡಿಯಲು ಹೊರಟಾಗ ಸಿಂದಗಿ ರಸ್ತೆಯಲ್ಲಿ ಲಾರಿಯೊಂದು ಹಿಂದಿನಿಂದ ಬಂದು ಟ್ರ್ಯಾಲಿಗೆ ಗುದ್ದಿತ್ತು. ಆ ಕೈ ಅಲ್ಲೇ ಹೋಯಿತು.

ಪರಿಹಾರದ ಕೇಸಿನಲ್ಲಿ ವಿಮಾ ಕಂಪನಿಯ ವಕೀಲ ಬಹಳ ಮೆತ್ತಗೆ ಕೇಳಿದ್ದ: “ಪಗಾರ ಯಾರ ಕೈಗೆ ಕೊಡ್ತಾರಮ್ಮ?”

“ನಮ್ಮ ಮನಿಯವ್ರ ಕೈಗ್ರಿ.”

“ಮನೆಯಲ್ಲಿ ಅಡುಗೆ?”

“ನಾನ ಮಾಡ್ತೇನ್ರಿ. ಮತ್ಯಾರ ಮಾಡ್ತಾರ?” ಗಂಡನನ್ನು ಒಲೆ ಮುಂದೆ ಕೂರಿಸುವ ಹೆಂಗಸು ತಾನಲ್ಲವೆಂದು ನೆರೆದವರಿಗೆ ತಿಳಿಯಲಿ ಎಂದೇ ಸುಂದರವ್ವ ಗಟ್ಟಿಯಾಗಿ ಹೇಳಿದ್ದಳು.

ತೀರ್ಪಿನಲ್ಲಿ ಆಕೆ ಗೃಹಿಣಿ, ಸ್ವಂತ ಗಳಿಕೆಗೆ ಪುರಾವೆ ಇಲ್ಲ ಎಂದಾಯಿತು. ಸಿಕ್ಕ ಪರಿಹಾರ ದವಾಖಾನೆಯ ಖರ್ಚಿಗೂ ಸಾಲಲಿಲ್ಲ.

“ಕಲಬುರಗಿ ಹೈಕೋರ್ಟಿಗೆ ಅಪೀಲು ಹಾಕೋಣು,” ಎಂದಿದ್ದರು ಆಕೆಯ ವಕೀಲೆ ವಿಜಯಶ್ರೀ. “ಆದ್ರ ನೀ ಕಬ್ಬಿನ ಕೆಲಸ ಮಾಡ್ತಿದ್ದಿ ಅಂತ ದುಡಿಸಿಕೊಂಡಾಂವ ಬರದ ಕೊಡಬೇಕವ್ವ.”

ದುಡಿಸಿಕೊಂಡವನು ಈಗ ಬಸಿಯಲ್ಲಿ ಚಹಾ ಸುರುವಿಕೊಳ್ಳುತ್ತಿದ್ದ.

“ಧಣಿ, ಒಂದ ಮಾತು ಕೇಳ್ತೇನ್ರಿ,” ಎಂದಳು ಸುಂದರವ್ವ. ಗ್ಯಾಂಗಿನಲ್ಲಿ ಗಂಡ ಹೆಂಡತಿ ಸೇರಿದರೆ ಒಂದು ಕೊಯ್ತಾ, ಅಂದರೆ ಕಬ್ಬು ಕಡಿಯುವ ಒಂದು ಕತ್ತಿಯ ಲೆಕ್ಕ. ಅವನು ಕಡಿಯಬೇಕು, ಅವಳು ಗರಿ ಸವರಿ, ಹೊರೆ ಕಟ್ಟಿ, ತಲೆಯ ಮೇಲೆ ಹೊತ್ತು ಗಾಡಿಗೆ ಹೇರಬೇಕು. “ಹ್ವಾದ ವರ್ಷ ನಮ್ಮದು ಒಂದು ಕೊಯ್ತಾ. ಈ ವರ್ಷ ಇವ್ರು ಒಬ್ರ ಬಂದ್ರು. ನೀವ ಅರ್ಧ ಕೊಯ್ತಾ ಅಂತ ಅರ್ಧಾ ಪಗಾರ ಹಿಡದ್ರಿ. ಹಂಗಾರ ಉಳದ ಅರ್ಧ ಯಾರ್ರಿ? ನಾನ ಅಲ್ಲೇನ್ರಿ?”



“ಕೈ ಹ್ವಾದ್ರೂ ನಾಲಗಿ ಉಳದೈತಲ್ಲ ರಂಡೀದು!” ಬಸಂತರಾಯ ಬಸಿಯನ್ನು ಕುಕ್ಕಿದ. “ಇವತ್ತ ನಿನಗ ಸಹಿ ಹಾಕಿದ್ರ, ನಾಳೆ ಎಲ್ಲಾ ಹೆಂಗಸ್ರೂ ಪಗಾರ ಬ್ಯಾರೆ ಕೊಡು ಅಂತಾರ. ಲೇ ಮಲ್ಯಾ, ಇಕಿನ್ನ ಕರಕೊಂಡು ನಡಿ. ಇಲ್ಲಾಂದ್ರ ನಿನ್ನ ಅರ್ಧಾನೂ ಬ್ಯಾಡ ನನಗ.”

ಮರುದಿನ ಸುಂದರವ್ವ ಗಂಡನ ಬುತ್ತಿ ಹಿಡಿದು ಕಬ್ಬಿನ ಹೊಲಕ್ಕೆ ಹೋದಳು. ಕಾಗದವೂ ಜತೆಗಿತ್ತು. ಹೊರೆ ಹೊತ್ತು ಬರುತ್ತಿದ್ದ ಚನ್ನವ್ವ ನಿಂತು ಕೇಳಿದಳು: “ಏನಂದ ನಿನ್ನ ಧಣಿ?”

“ಹೆಂಗಸ್ರು ಇಲ್ಲಿ ಕೆಲಸಾನ ಮಾಡಂಗಿಲ್ಲಂತ. ಕೋರ್ಟಿನ್ಯಾಗೂ ಹಂಗ ಬರದಾರ.”

“ಮತ್ತ ನನ್ನ ತಲಿಮ್ಯಾಲೆ ಇರೂದೇನ, ಅವ್ನ ಹೆಣಾನ?”

ಚನ್ನವ್ವ ತಲೆ ವಾಲಿಸಿದಳು. ಹೊರೆ ದಪ್ಪನೆ ನೆಲಕ್ಕೆ ಬಿತ್ತು. ಅದರ ಮೇಲೆ ಕುಳಿತು ಎಲೆಅಡಿಕೆಯ ಚೀಲ ಬಿಚ್ಚಿದಳು. ಹಿಂದೆ ಬರುತ್ತಿದ್ದ ಮುಮ್ತಾಜಳೂ ಹೊರೆ ಇಳಿಸಿದಳು. ಒಬ್ಬೊಬ್ಬರಾಗಿ ಹೆಂಗಸರೆಲ್ಲ ಬದುವಿನ ಮೇಲೆ ಕೂತರು. ಅರ್ಧ ತುಂಬಿದ ಟ್ರ್ಯಾಲಿಯ ಡ್ರೈವರ್ ಹಾರ್ನ್ ಬಾರಿಸಿ ಬಾರಿಸಿ, ಕೊನೆಗೆ ಫೋನು ಹಚ್ಚಿದ.

ಬಸಂತರಾಯ ಮೋಟರ್‌ಸೈಕಲ್ ಮೇಲೆ ಬಯ್ಯುತ್ತಲೇ ಬಂದ. “ಏಳ್ರೇ ಹಾದರಗಿತ್ತ್ಯಾರಾ! ಫ್ಯಾಕ್ಟರ್ಯಾಗ ಗಾಡಿ ಪಾಳಿ ತಪ್ಪತೈತಿ!”

“ನಾವು ಮನ್ಯಾಗಿನ ಹೆಂಗಸ್ರರಿ ಧಣಿ,” ಎಂದಳು ಮುಮ್ತಾಜ. “ರೊಟ್ಟಿ ಕೊಡಾಕ ಬಂದೇವಿ.”

“ಗಂಡಸ್ರ ಏನ ನೋಡ್ತೀರಲೇ? ನೀವ ಹೇರ್ರಿ! ಮಲ್ಯಾ, ಎತ್ತಲೇ!”

ಮಲ್ಲಣ್ಣ ಒಂದು ಹೊರೆ ಎತ್ತಿದ. ಮೊಣಕಾಲತನಕ ತಂದು ನಿಂತ. ಹೆಂಡತಿಯನ್ನು ನೋಡಿದ. ಈ ಸಲ ಅವನು ಹಲ್ಲು ಕಿರಿಯಲಿಲ್ಲ.

“ನಾ ಅರ್ಧ ಕೊಯ್ತಾ ಅಲ್ಲೇನ್ರಿ ಧಣಿ, ಇಷ್ಟ ಎತ್ತಾಕ ಬರ್ತೈತಿ,” ಎಂದು ಹೊರೆಯನ್ನು ಅಲ್ಲೇ ಬಿಟ್ಟ.

ಸುಂದರವ್ವ ಎಡಗೈಯಿಂದ ಕಾಗದ ತೆಗೆದು ಬಸಂತರಾಯನ ಮುಂದೆ ಹಿಡಿದಳು. ಅವನು ತೆಗೆದುಕೊಳ್ಳಲಿಲ್ಲ. ಅವಳು ಕೈ ಇಳಿಸಲೂ ಇಲ್ಲ.

ಹೊತ್ತು ಏರಿತು. ಕಡಿದ ಕಬ್ಬು ಬಿಸಿಲಿಗೆ ಬಿದ್ದು ತೂಕ ಕಳೆದುಕೊಳ್ಳುತ್ತಿತ್ತು.