ಹದಿನಾಲ್ಕರ ಮೇಲೆ ಹದಿನಾರು

ನೂರಕ್ಕೆ ಎರಡು ಕಾಯಿ ಕಡಿಮೆ ಬರುತ್ತಿದೆ ಎಂದು ಬೇಲೂರಿನ ಅಂಗಡಿಯವರು ಮೂರನೇ ಸಲ ಫೋನ್ ಮಾಡಿದಾಗ ದೇವೀರಪ್ಪನವರು ರೇಗಲಿಲ್ಲ. ಅರಸೀಕೆರೆಯಲ್ಲಿ ನಲವತ್ತು ವರ್ಷ ತೆಂಗಿನಕಾಯಿ ಮಂಡಿ ನಡೆಸಿದವರು. ಕಾಯಿ ಎಣಿಸುವ ಇಂದ್ರೇಶನನ್ನು ಕರೆದು, ನಾಳೆಯಿಂದ ಬರುವುದು ಬೇಡ ಎಂದರು, ಅಷ್ಟೇ.

ಇಂದ್ರೇಶ ಬಿಕ್ಕೋಡಿನ ಕಾಫಿ ತೋಟ ಬಿಟ್ಟು ಬಂದು ಇನ್ನೂ ವರ್ಷ ತುಂಬಿರಲಿಲ್ಲ. "ಹೆತ್ತವ್ವನ ಆಣೆ, ಕದ್ದಿಲ್ಲ ಯಜಮಾನ್ರೇ. ನಿಮ್ಮೆದುರಿಗೇ ಎಣಿಸ್ತೀನಿ, ನೋಡ್ಕಳಿ" ಎಂದು ರಾಶಿಗೆ ಕೈಹಾಕಿದ.

ಕೈಗೊಂದರಂತೆ ಎರಡು ಕಾಯಿ ಎತ್ತಿ ಎಸೆದರೆ ಒಂದು ಎಣಿಕೆ. ಐವತ್ತಾದರೆ ನೂರು ಕಾಯಿ. ಮಂಡಿಯಲ್ಲಿ ಮೊದಲನೆಯದನ್ನು ಒಂದು ಅನ್ನುವುದಿಲ್ಲ, ಲಾಭ ಅನ್ನುತ್ತಾರೆ. ಲಾಭ, ಎರಡು, ಮೂರು ಎಂದು ಇಂದ್ರೇಶ ರಾಗವಾಗಿ ಓಡಿಸಿದ. ಚೀಟಿ ಬರೆಯುತ್ತಿದ್ದ ದೇವೀರಪ್ಪನವರ ಮಗಳು ಮೇಘಶ್ರೀಯ ಪೆನ್ನು ನಿಂತಿತು. ಹದಿನಾಲ್ಕಾದ ಮೇಲೆ ಹದಿನಾರು. ಆ ಓಟದಲ್ಲಿ ಬೇರೆ ಯಾರ ಕಿವಿಗೂ ಅದು ಬೀಳಲಿಲ್ಲ.

ಅದು ಅವಳ ಅಣ್ಣನ ಹಾಡು. ಆರು ವರ್ಷದ ಹಿಂದೆ ಮಹಾಂತೇಶ ಮಾಡಿದ ರ‍್ಯಾಪ್ ಆಲ್ಬಂ 'ಲಾಭ'ದ ತುಂಬ ಮಂಡಿಯ ಮುದುಕ ಗಿಡ್ಡಯ್ಯನ ಎಣಿಕೆಯಿತ್ತು. ಮೈಕು ಕಂಡು ಗಾಬರಿಯಾದ ಗಿಡ್ಡಯ್ಯ ಹದಿನೈದನ್ನು ನುಂಗಿದ್ದ. ತಾಳಕ್ಕೆ ಕೂರುತ್ತದೆಂದು ಅಣ್ಣ ಹಾಗೇ ಬಿಟ್ಟಿದ್ದ. ಈ ಭಾಷೆ ಯಾರಿಗೆ ಬೇಕು ಎಂದು ಬೆಂಗಳೂರಿನ ಕಂಪನಿ ಆಲ್ಬಂ ಅನ್ನು ಮೂಲೆಗೆ ಹಾಕಿತು. ಬೇರೆಲ್ಲೂ ಬಿಡುವಂತಿಲ್ಲ ಎಂದು ಒಪ್ಪಂದದಲ್ಲೇ ಇತ್ತು. ಅಣ್ಣ ಎಲ್ಲವನ್ನೂ ಅಳಿಸಿ ಮಂಡಿಯಲ್ಲಿ ಕೂತ. ಅದಕ್ಕೂ ಮೊದಲೇ ಅವಳು ಒಂದು ಪ್ರತಿಯನ್ನು ಪೆನ್‌ಡ್ರೈವಿಗೆ ಹಾಕಿ ಜಾವಗಲ್ಲಿನ ಗೆಳತಿಗೆ ಕೊಟ್ಟಿದ್ದಳು. ಅಲ್ಲಿಂದ ಅದು ಹಳೇಬೀಡಿನ ಆಟೋಗಳಿಗೆ, ತೋಟದ ಜೀಪುಗಳಿಗೆ ಹೋಯಿತೆಂದು ಆಗಾಗ ಕಿವಿಗೆ ಬೀಳುತ್ತಿತ್ತು. ಅಣ್ಣನಿಗೆ ಮಾತ್ರ ಹೇಳಿರಲಿಲ್ಲ. ಹೇಳಿದರೆ ಅವನು ಮಾತು ಬಿಡುತ್ತಾನೆ. ಹೇಳದಿದ್ದರೆ ಇಂದ್ರೇಶ ಕಳ್ಳನಾಗಿ ಊರಿಗೆ ಹೋಗುತ್ತಾನೆ.

ಒಳಗೆ ಗೋಣಿಚೀಲ ಜೋಡಿಸುತ್ತಿದ್ದ ಅಣ್ಣನ ಬಳಿಗೆ ಹೋದಳು.

"ಅಣ್ಣ, ಇಂದ್ರೇಶ ನಿನ್ ಹಾಡು ಕೇಳೇ ಎಣಿಸೋದು ಕಲ್ತಿರೋದು. ಹದಿನೈದನ್ನ ಅವ್ನೂ ನುಂಗ್ತಾನೆ, ಕಮ್ಮಿ ಬೀಳೋ ಎರಡು ಕಾಯಿ ಅದೇ."

"ಯಾವ ಹಾಡು? ಅದೆಲ್ಲೈತೆ?"

"ನಾನೇ ಕೊಟ್ಟಿದ್ದು."

ಅವನು ಅವಳನ್ನು ನೋಡಿದ. ಕೈಯಲ್ಲಿದ್ದ ಚೀಲವನ್ನು ನಿಧಾನವಾಗಿ ಮಡಚಿಟ್ಟು ಹೊರಗೆ ನಡೆದ.

ಹದಿನೈದು ಬಿಟ್ಟುಹೋದದ್ದು ಇಂದ್ರೇಶನ ತಪ್ಪಲ್ಲ, ತನ್ನದು ಎಂದು ಅಪ್ಪನಿಗೆ ಹೇಳಿದ. ಇಂದ್ರೇಶ ನಂಬಲಿಲ್ಲ. ಜೀಪಿನವರ ಪ್ರಕಾರ ಅದನ್ನು ಹಾಡಿದವನು ಯಾವಾಗಲೋ ಸತ್ತುಹೋಗಿದ್ದ.

"ನೀವೇ ಆದ್ರೆ ಒಂದ್ ಸಾಲು ಹೇಳ್ರಣ್ಣ, ನೋಡಾನ."

ಮಹಾಂತೇಶ ಎರಡು ಕಾಯಿ ಎತ್ತಿಕೊಂಡ. ಲಾಭ, ಎರಡು ಎಂದು ಎಸೆಯುತ್ತಾ ಶುರು ಮಾಡಿದ. ಹತ್ತು ದಾಟುವಷ್ಟರಲ್ಲಿ ದನಿ ಏರಿತು. ಲಾರಿಯ ಮೇಲಿದ್ದವರು ಇಳಿದು ಬಂದರು. ಇಬ್ಬರಂತೂ ಮುಂದಿನ ಸಾಲನ್ನು ಅವನಿಗಿಂತ ಮೊದಲೇ ಹೇಳಿದರು. ದೇವೀರಪ್ಪನವರು ಕನ್ನಡಕ ತೆಗೆದು ಪಂಚೆಯ ಅಂಚಿನಲ್ಲಿ ಒರೆಸುತ್ತಾ ಕೂತರು. ಮುಗಿದ ಮೇಲೆ, ಬೇಲೂರಿನ ಲೋಡನ್ನು ಇನ್ನೊಮ್ಮೆ ಸರಿಯಾಗಿ ಎಣಿಸಲು ಇಂದ್ರೇಶನಿಗೇ ಹೇಳಿದರು.

ಅಣ್ಣ ಒಳಗೆ ಬಂದು ನೀರು ಕುಡಿದ. ಮೇಘಶ್ರೀ ತಲೆ ಎತ್ತದೆ ಚೀಟಿ ಬರೆಯುತ್ತಿದ್ದಳು. ಎದುರಿಗೆ ಕೂತು, ಅವಳು ಬರೆದಿಟ್ಟ ಚೀಟಿಗಳನ್ನು ಜೋಡಿಸುತ್ತಾ ಕೇಳಿದ:

"ಯಾವ್ ಹಾಡು ಜಾಸ್ತಿ ಕೇಳ್ತಾರಂತೆ ಕಣೇ?"